ಸೇವಂತಿಗೆಗೆ ಒಂದಿಷ್ಟು ಕತ್ತಲೆ

ಗೇಟಿನ ಪಕ್ಕದ ಸಿಮೆಂಟ್ ಕುಂಡದಲ್ಲಿ ಸೊಂಟದೆತ್ತರ ಬೆಳೆದು ನಿಂತ ಸೇವಂತಿಗೆ ಗಿಡವನ್ನು ಕಂಡರೆ ಫ್ಯೂಸಣ್ಣನಿಗೆ ಮೈಯೆಲ್ಲ ಉರಿಯುತ್ತಿತ್ತು. ಬೆಳಿಗ್ಗೆ ಹಾಲು ತರಲು ಹೊರಟವನು ಅದರ ಮುಂದೆ ನಿಂತು ಒಂದೊಂದು ಕವಲಿನ ತುದಿಯನ್ನೂ ಬೆರಳಿನಿಂದ ಬಿಡಿಸಿ ನೋಡುತ್ತಿದ್ದ. ಎಲೆ. ಅದರೊಳಗೆ ಇನ್ನೊಂದು ಎಲೆ. ಅದರೊಳಗೂ ಎಲೆಯೇ. ಮೊಗ್ಗಿನ ಸುಳಿವಿಲ್ಲ. ಈ ಮನೆಗೆ ಬಂದ ವರ್ಷದಿಂದ ಇದೇ ಕಥೆ. ನೀರು ಹಾಕಿದಷ್ಟು ಕುಡಿಯುತ್ತದೆ, ಗೊಬ್ಬರ ಹಾಕಿದಷ್ಟು ತಿನ್ನುತ್ತದೆ, ಹೂವು ಮಾತ್ರ ಬಿಡುವುದಿಲ್ಲ. ಕೂಳಿಗೆ ದಂಡ, ಭೂಮಿಗೆ ಭಾರ ಎಂದು ಅದಕ್ಕೆ ಬೈದು ಹಾಲಿನಂಗಡಿಗೆ ಹೋಗುತ್ತಿದ್ದ.

ಫ್ಯೂಸಣ್ಣ ಎಂಬುದು ಅಪ್ಪ ಅಮ್ಮ ಇಟ್ಟ ಹೆಸರಲ್ಲ. ವಿದ್ಯುತ್ ಇಲಾಖೆಯಲ್ಲಿ ಲೈನ್‌ಮನ್ ಆಗಿದ್ದಾಗ ಯಾರು ಏನೇ ದೂರು ತಂದರೂ ಅವನ ಮೊದಲ ಪ್ರಶ್ನೆ ‘ಫ್ಯೂಸ್ ನೋಡಿದ್ರಾ?’ ಎಂಬುದಾಗಿತ್ತು. ಜೊತೆಗೆ ಸಿಟ್ಟು ಬಂದರೆ ಅವನೂ ಫಟ್ಟೆಂದು ಹೋಗಿಬಿಡುತ್ತಿದ್ದ. ಹೆಸರು ಅಂಟಿಕೊಂಡಿತು. ನಿವೃತ್ತಿಯಾದ ಮೇಲೆ ಕಂಬ ಹತ್ತುವುದು ನಿಂತಿತು, ಹೆಸರು ಇಳಿಯಲಿಲ್ಲ.

ಲೈನ್‌ಮನ್ನನ ಬದುಕು ಎರಡು ವಿಷಯ ಕಲಿಸಿತ್ತು. ಒಂದು, ಬೆಳಕಿಗಿಂತ ದೊಡ್ಡ ಉಪಕಾರ ಬೇರೆ ಇಲ್ಲ. ಎರಡು, ಯಾರ ಮಾತನ್ನೂ ನಂಬಬಾರದು, ಕಣ್ಣಾರೆ ಕಂಡು ಟೆಸ್ಟರ್ ಇಟ್ಟು ನೋಡಬೇಕು. ‘ಲೈನ್ ಆಫ್ ಮಾಡಿದ್ದೀವಿ, ಹತ್ತಿ’ ಎಂಬ ಮಾತನ್ನು ನಂಬಿ ಹತ್ತಿದ ಇಬ್ಬರು ಗೆಳೆಯರ ಹೆಣವನ್ನು ಅವನೇ ಕಂಬದಿಂದ ಕೆಳಗಿಳಿಸಿದ್ದ. ಹಾಗಾಗಿ ಈ ಎರಡೂ ಅವನಿಗೆ ಬರಿಯ ಅಭ್ಯಾಸಗಳಲ್ಲ, ಜೀವ ಉಳಿಸಿದ ಪಾಠಗಳು. ಆ ಗಿಡದ ಪಾಲಿಗೆ ಎರಡೂ ಶನಿಯಾದದ್ದು ಆಮೇಲಿನ ಮಾತು.

ಸೇವಂತಿಗೆ ಹೆಂಡತಿಯದು. ಅವಳ ತಾಯಿ ಬೆಳೆಸಿದ ಗಿಡದಿಂದ ಮುರಿದು ತಂದ ಕಡ್ಡಿ, ಹಳೆಯ ಬಾಡಿಗೆ ಮನೆಯ ಹಿತ್ತಿಲಲ್ಲಿ ವರ್ಷ ವರ್ಷವೂ ಬುಟ್ಟಿಗಟ್ಟಲೆ ಹೂ ಕೊಟ್ಟಿತ್ತು. ತಾಯಿ ತೀರಿಕೊಂಡ ಮೇಲೆ ತವರಿನ ಮೂಲ ಗಿಡವೂ ಸತ್ತಿತು. ಆ ಜಾತಿ ಉಳಿದದ್ದು ಇದೊಂದೇ ಕುಂಡದಲ್ಲಿ. ನಿವೃತ್ತಿಯ ಹೊತ್ತಿಗೆ ಸ್ವಂತ ಮನೆ ಕಟ್ಟಿ ಈ ಬೀದಿಗೆ ಬಂದಾಗ ಹೆಂಡತಿ ಬೀರು, ಹೊಲಿಗೆ ಯಂತ್ರ, ಪಾತ್ರೆಗಳಿಗಿಂತ ಮೊದಲು ಗಿಡವನ್ನು ಗಾಡಿಗೆ ಹತ್ತಿಸಿದ್ದಳು.

ಅವಳು ದರ್ಜಿ. ಬೀದಿಯ ಹೆಂಗಸರಿಗೆ ಬಟ್ಟೆ ಹೊಲಿದು ಹೊಲಿದು ಬಣ್ಣದ ವಿಷಯದಲ್ಲಿ ಅವಳ ಕಣ್ಣು ಚಾಕುವಿನಷ್ಟು ಚೂಪಾಗಿತ್ತು. ಬಟ್ಟೆಯನ್ನು ಮನೆಯಲ್ಲಿ ಬಿಟ್ಟು ಅಂಗಡಿಗೆ ಹೋಗಿ, ನೆನಪಿನಿಂದಲೇ ಅದಕ್ಕೆ ಹೊಂದುವ ದಾರದ ಉಂಡೆ ತಂದರೆ ಎಳೆಯಷ್ಟೂ ತಪ್ಪುತ್ತಿರಲಿಲ್ಲ. ಅಂಥ ಕಣ್ಣಿಗೇ ರೋಗ ಹತ್ತಿತು. ಕಣ್ಣಿನೊಳಗಿನ ಒತ್ತಡ ಹೆಚ್ಚಿ ನರ ಸವೆಯುತ್ತಿದೆ, ಹೋದದ್ದು ಮರಳಿ ಬರುವುದಿಲ್ಲ, ಇರುವುದನ್ನು ಹನಿ ಹಾಕಿ ಕಾಪಾಡಬೇಕು, ಎಷ್ಟು ಕಾಲ ಎಂದು ಹೇಳಲಾರೆ ಎಂದರು ಕಣ್ಣಿನ ಡಾಕ್ಟರು. ನೇರ ಮುಂದಿರುವುದು ಕಾಣುತ್ತಿತ್ತು. ಪಕ್ಕದ್ದು, ಕಾಲ ಕೆಳಗಿನದು ಕಾಣುತ್ತಿರಲಿಲ್ಲ. ಪೈಪಿನೊಳಗಿಂದ ನೋಡಿದ ಹಾಗಿದೆ ಎನ್ನುತ್ತಿದ್ದಳು, ಮತ್ತು ಆ ಪೈಪು ವರ್ಷದಿಂದ ವರ್ಷಕ್ಕೆ ಸಣ್ಣದಾಗುತ್ತಿತ್ತು.

ಹೊಸ ಮನೆಗೆ ಬಂದ ಮೊದಲ ತಿಂಗಳಲ್ಲೇ ಒಂದು ಸಂಜೆ ಗೇಟಿನ ಮೆಟ್ಟಿಲು ಕಾಣದೆ ಬಿದ್ದು ಮೊಣಕಾಲು ಒಡೆದುಕೊಂಡಳು. ಫ್ಯೂಸಣ್ಣ ಸುಮ್ಮನೆ ಕೂರುವ ಗಂಡಸಲ್ಲ. ಮರುದಿನವೇ ಗೇಟಿನ ಕಂಬದ ಮೇಲೆ ದೊಡ್ಡ ದೀಪ ಹಾಕಿದ. ಹೊತ್ತು ಮುಳುಗಿದರೆ ತಾನಾಗಿ ಹತ್ತಿ, ಬೆಳಗಾದರೆ ತಾನಾಗಿ ಆರುವ ದೀಪ. ಅಷ್ಟಕ್ಕೆ ನಿಲ್ಲದೆ ಹಳೆಯ ಕಚೇರಿಗೆ ಅಲೆದು, ಸಾಹೇಬರ ಕಿವಿ ತೂತಾಗುವಷ್ಟು ಮಾತಾಡಿ, ಬೀದಿಗೂ ಸಾಲಾಗಿ ದೀಪ ಹಾಕಿಸಿದ. ಬೀದಿಯವರು ಹೊಗಳಿದ್ದೇ ಹೊಗಳಿದ್ದು. ಹೆಂಡತಿಗೆ ಮೆಟ್ಟಿಲು ಕಂಡಿತು. ಗಿಡ ಅದೇ ದೀಪದ ಬುಡದಲ್ಲಿತ್ತು.

ಮೊದಲ ವರ್ಷ ಹೂ ಬಿಡದಿದ್ದಾಗ ಜಾಗ ಬದಲಾಗಿದೆ, ಬೇರು ಹಿಡಿಯಲಿ ಎಂದುಕೊಂಡರು. ಎರಡನೆಯ ವರ್ಷ ಫ್ಯೂಸಣ್ಣ ರಂಗಕ್ಕಿಳಿದ. ನರ್ಸರಿಯವನು ಒಂದು ಚೀಲ ಗೊಬ್ಬರ ಕೊಟ್ಟು, ಮುಷ್ಟಿ ತುಂಬ ಹಾಕಿ ಎಂದ. ಗಿಡ ಕಡುಹಸಿರಾಗಿ ಉಬ್ಬಿತು, ಹೂವಿಲ್ಲ. ಪಕ್ಕದ ಮನೆಯಾಕೆ ನೀರು ಹೆಚ್ಚು ಹಾಕಿ ಎಂದಳು, ಎಲೆ ಹಳದಿಯಾಯಿತು. ಕಡಿಮೆ ಹಾಕಿ ಎಂದಳು, ಜೋತುಬಿತ್ತು. ತುದಿ ಚಿವುಟಿ ಎಂದವರ ಮಾತು ಕೇಳಿ ಚಿವುಟಿದ, ಒಂದು ಕವಲಿದ್ದಲ್ಲಿ ನಾಲ್ಕು ಕವಲು ಬಂದವು, ನಾಲ್ಕರಲ್ಲೂ ಎಲೆಯೇ. ಮಣ್ಣು ಬದಲಿಸಿದ. ಕುಂಡ ಬದಲಿಸಿ, ಇಬ್ಬರು ಎತ್ತಿದರೂ ಅಲುಗದ ಈ ಸಿಮೆಂಟಿನದನ್ನು ತಂದಿಟ್ಟ. ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತಾಯಿತು. ಸಲಹೆ ಕೊಡುವುದಕ್ಕೆ ಊರೆಲ್ಲ ತೋಟಗಾರರು. ಹೂ ಬರಲಿಲ್ಲ ಎಂದು ಹೋಗಿ ಕೇಳಿದರೆ ‘ನಿಮ್ಮ ಕೈಗುಣ ಸರಿಯಿಲ್ಲ ಬಿಡಿ’ ಎಂದು ನಗುತ್ತಿದ್ದರು. ಕಂಬ ಹತ್ತಿ ಊರಿಗೆಲ್ಲ ಬೆಳಕು ಕೊಟ್ಟ ಕೈಯ ಗುಣವನ್ನು ನರ್ಸರಿಯವನು ಅಳೆಯುತ್ತಾನಲ್ಲ ಎಂದು ಅವನಿಗೆ ರಾತ್ರಿಯ ಊಟ ರುಚಿಸುತ್ತಿರಲಿಲ್ಲ.

ಮೂರನೆಯ ವರ್ಷ ಅವನಿಗೊಂದು ನೆನಪಾಯಿತು. ನೌಕರಿಯಲ್ಲಿದ್ದಾಗ ಊರಾಚೆಯ ಹೂತೋಟದ ಯಜಮಾನನಿಗೆ ಅವನೇ ಲೈನ್ ಎಳೆದುಕೊಟ್ಟಿದ್ದ. ಎಕರೆಗಟ್ಟಲೆ ಸೇವಂತಿಗೆ, ಅದರ ಮೇಲೆ ಸಾಲು ಸಾಲಾಗಿ ಬಲ್ಬು. ರಾತ್ರಿ ಹೊತ್ತು ಆ ತೋಟ ಮದುವೆ ಮನೆಯಂತೆ ಉರಿಯುತ್ತಿತ್ತು, ಆಮೇಲೆ ಲಾರಿಗಟ್ಟಲೆ ಹೂ ಹೋಗುತ್ತಿತ್ತು. ಅಂದಮೇಲೆ ಗುಟ್ಟು ಇಷ್ಟೇ: ಸೇವಂತಿಗೆಗೆ ಬೆಳಕು ಬೇಕು. ಬೆಣ್ಣೆ ಕೈಯಲ್ಲಿಟ್ಟುಕೊಂಡು ತುಪ್ಪಕ್ಕೆ ಊರೆಲ್ಲ ಅಲೆದೆನಲ್ಲ ಎಂದು ತಲೆ ಚಚ್ಚಿಕೊಂಡು, ಗಿಡದ ನೆತ್ತಿಯ ಮೇಲೆ ಇನ್ನೊಂದು ಬಲ್ಬು ಇಳಿಬಿಟ್ಟ. ದೀಪದ ಬುಡ ಕತ್ತಲೆ ಎನ್ನುತ್ತಾರೆ. ಫ್ಯೂಸಣ್ಣನ ಗೇಟಿನ ಬಳಿ ಆ ಕತ್ತಲೆಗೂ ಜಾಗ ಉಳಿಯಲಿಲ್ಲ. ಗಿಡ ಹಿಂದೆಂದೂ ಬೆಳೆಯದಷ್ಟು ಸೊಂಪಾಗಿ ಬೆಳೆಯಿತು. ದಾರಿಹೋಕರು ನಿಂತು ಮೆಚ್ಚಿದರು. ಹೂವು ಆ ವರ್ಷವೂ ಇಲ್ಲ.

ನಾಲ್ಕನೆಯ ವರ್ಷ ಕಣ್ಣಿನ ಆಸ್ಪತ್ರೆಯಿಂದ ಮರಳಿದ ದಿನ ಹೆಂಡತಿ ಮುಂಗೋಣೆಯಲ್ಲಿ ಬಂದು ಕುಳಿತಳು. ಎಡಗಣ್ಣು ಬಹುತೇಕ ಹೋಗಿದೆ, ಬಲಗಣ್ಣಿನ ಕಿಂಡಿ ಮತ್ತಷ್ಟು ಕಿರಿದಾಗಿದೆ, ಬಣ್ಣಗಳೂ ಮಂಕಾಗಬಹುದು ಎಂದಿದ್ದರು. ಫ್ಯೂಸಣ್ಣ ಪೇಪರ್ ಹಿಡಿದು ಓದುವ ನಟನೆ ಮಾಡುತ್ತಿದ್ದ. ಅವಳು ಕೇಳಿದಳು:

‘ಅಮ್ಮನ ಸೇವಂತಿಗೆ ಯಾವ ಬಣ್ಣ ಇತ್ತು, ಹೇಳಿ.’

‘ಹೂಂ,’ ಅಂದ ಫ್ಯೂಸಣ್ಣ.

‘ಹೂಂ ಅನ್ನೋದು ಬಣ್ಣ ಅಲ್ಲ.’

ಪೇಪರ್ ಕೆಳಗಿಟ್ಟು ಯೋಚಿಸಿದ. ಹಳೆಯ ಮನೆಯ ಹಿತ್ತಿಲು ಕಣ್ಣಿಗೆ ಬಂತು. ಬಾವಿಕಟ್ಟೆ, ಬಟ್ಟೆ ಹಗ್ಗ, ಮೀಟರ್ ಬೋರ್ಡು ಎಲ್ಲ ಬಂದವು. ಮೇಜಿನ ಮೇಲೆ ಗಾಜಿನ ಲೋಟದಲ್ಲಿ ಹೂವಿರುತ್ತಿದ್ದುದೂ ನೆನಪಾಯಿತು. ಬಣ್ಣ ಮಾತ್ರ ಬರಲಿಲ್ಲ. ‘ಹಳದಿ ಅಲ್ವಾ?’ ಎಂದ. ಸೇವಂತಿಗೆ ಎಂದರೆ ಹಳದಿ ತಾನೇ.

‘ಇಪ್ಪತ್ತು ವರ್ಷ ಅದನ್ನ ಮುಂದೆ ಇಟ್ಕೊಂಡು ಊಟ ಮಾಡಿದ್ರಿ,’ ಅಂದಳು ಹೆಂಡತಿ. ‘ಎರಡು ಒಳ್ಳೆ ಕಣ್ಣು ಇಟ್ಕೊಂಡು ಏನು ಮಾಡ್ತಿದ್ರಿ ನೀವು?’

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಅದೇ ಅವನಿಗೆ ಚುಚ್ಚಿತು. ಹಾಗಾದರೆ ಯಾವ ಬಣ್ಣ, ನೀನೇ ಹೇಳು ಎಂದರೆ ಹೇಳಲೊಲ್ಲಳು. ಈಗೀಗ ತನ್ನ ನೆನಪಿನ ಮೇಲೂ ನಂಬಿಕೆ ಹೋಗುತ್ತಿದೆ, ಹೂ ಬಿಟ್ಟರೆ ಒಂದು ಸಲ ನೋಡಿ ಖಚಿತ ಮಾಡಿಕೊಳ್ಳಬೇಕು, ಈ ಕಿಂಡಿ ಮುಚ್ಚುವುದರೊಳಗೆ ಆದರೆ ಸಾಕು ಎಂದಳು. ಮಕ್ಕಳಿಲ್ಲದ ಮನೆ. ಅವಳು ಕೇಳಿದರೆ ಅವನನ್ನು ಕೇಳಬೇಕು, ಅವನು ನೋಡಿದರೆ ಅವಳಿಗಾಗಿ ನೋಡಬೇಕು. ಫ್ಯೂಸಣ್ಣ ಎದ್ದು ಸ್ಕೂಟರ್ ತೆಗೆದು ನೇರ ಹೂತೋಟಕ್ಕೆ ಹೋದ.

ಯಜಮಾನ ಅಂಗಳದಲ್ಲಿ ಹೂವಿನ ಕಟ್ಟುಗಳನ್ನು ಎಣಿಸಿ ಪೆಟ್ಟಿಗೆಗೆ ತುಂಬಿಸುತ್ತಿದ್ದ. ಬಾಯಿ ಬಿಟ್ಟರೆ ಮುಚ್ಚದ ಮನುಷ್ಯ. ಫ್ಯೂಸಣ್ಣ ತನ್ನ ಗೋಳು ಹೇಳಿಕೊಂಡು, ಎರಡು ದೀಪ ಹಾಕಿದರೂ ಹೂ ಬರುತ್ತಿಲ್ಲ, ಇನ್ನೂ ಎಷ್ಟು ವ್ಯಾಟ್ ಬೇಕು ಎಂದು ಕೇಳಿದ. ಯಜಮಾನ ಕಟ್ಟು ಕೆಳಗಿಟ್ಟು ಹೊಟ್ಟೆ ಹಿಡಿದು ನಕ್ಕ.

‘ಫ್ಯೂಸಣ್ಣ, ನಾವು ದೀಪ ಹಾಕೋದು ಹೂ ಬರಲಿ ಅಂತ ಅಲ್ಲ, ಹೂ ಬರದೆ ಇರಲಿ ಅಂತ. ರೇಟ್ ಬರೋ ತನಕ ಗಿಡಾನ ಎಲೆಯಲ್ಲೇ ತಡೆದು ಇಟ್ಕೊಳ್ಳೋಕೆ. ದೀಪ ಆರಿಸಿದ ಮೇಲೆ ತಾನೇ ಮೊಗ್ಗು ಬರೋದು.’

ಸೇವಂತಿಗೆ ಲೆಕ್ಕ ಇಡುವುದು ಹಗಲನ್ನಲ್ಲ, ರಾತ್ರಿಯನ್ನು ಎಂದು ಅವನು ವಿವರಿಸಿದ. ಸಂಜೆಯಿಂದ ಬೆಳಗಿನವರೆಗೆ ಕತ್ತಲೆ ಎಷ್ಟು ಉದ್ದ ಇದೆ ಎಂದು ಎಲೆ ಅಳೆಯುತ್ತದೆ, ಅದಕ್ಕೆಂದೇ ಎಲೆಯೊಳಗೊಂದು ವಸ್ತುವಿದೆ. ರಾತ್ರಿ ಸಾಕಷ್ಟು ಉದ್ದವಾಯಿತು ಎಂದು ಕಂಡರೆ ಎಲೆ ತುದಿಗೆ ಸುದ್ದಿ ಕಳಿಸುತ್ತದೆ, ತುದಿ ಎಲೆ ಮಾಡುವುದನ್ನು ಬಿಟ್ಟು ಮೊಗ್ಗು ಮಾಡುತ್ತದೆ. ನಡುವೆ ಸ್ವಲ್ಪ ಹೊತ್ತು ಬೆಳಕು ಬಿದ್ದರೂ ಲೆಕ್ಕ ಮತ್ತೆ ಮೊದಲಿನಿಂದ ಶುರು, ಒಂದು ಉದ್ದ ರಾತ್ರಿ ಎರಡು ಗಿಡ್ಡ ರಾತ್ರಿಗಳಾಗಿಬಿಡುತ್ತದೆ. ಹಳೆಯ ಮನೆಯ ಹಿತ್ತಿಲಲ್ಲಿ ದೀಪವಿರಲಿಲ್ಲ, ಅದಕ್ಕೇ ಅಲ್ಲಿ ಯಾರ ಕೈಗುಣವೂ ಬೇಕಾಗಿರಲಿಲ್ಲ. ಇನ್ನು ಗೊಬ್ಬರದ ಮಾತು. ಅಡುಗೆಮನೆ ಇರುವುದು ಎಲೆಯಲ್ಲಿ, ಗಿಡ ತನ್ನ ಊಟ ಅಲ್ಲೇ ಬಿಸಿಲಲ್ಲಿ ಬೇಯಿಸಿಕೊಳ್ಳುತ್ತದೆ. ಗೊಬ್ಬರ ಅಡುಗೆಗೆ ಹಾಕುವ ಉಪ್ಪಿನಷ್ಟೇ, ಉಪ್ಪನ್ನು ಮುಷ್ಟಿಗಟ್ಟಲೆ ಹಾಕಿದರೆ ಯಾರು ಉಣ್ಣುತ್ತಾರೆ ಎಂದ.

ಫ್ಯೂಸಣ್ಣನ ಫ್ಯೂಸ್ ಹಾರಿತು. ಲೈನ್ ಎಳೆಸಿಕೊಂಡ ದಿನವೇ ಇದನ್ನು ಹೇಳಲು ಏನು ರೋಗ ಬಂದಿತ್ತು ಎಂದು ಯಜಮಾನನ ಮೇಲೆ ಹರಿಹಾಯ್ದ.

‘ಹೇಳಿದ್ದೆನಲ್ಲ,’ ಅಂದ ಯಜಮಾನ. ‘ನೀವು ಕಂಬದ ಮೇಲಿದ್ರಿ, ನಾನು ಕೆಳಗೆ ನಿಂತು ಇಷ್ಟನ್ನೂ ಹೇಳ್ದೆ. ಹೂಂ ಹೂಂ ಅಂತಿದ್ರಿ.’

ಸ್ಕೂಟರಿನಲ್ಲಿ ಮರಳುವಾಗ ದಾರಿಯುದ್ದಕ್ಕೂ ಒಂದೊಂದಾಗಿ ಬೀದಿ ದೀಪಗಳು ಹತ್ತುತ್ತಿದ್ದವು, ಅವುಗಳಲ್ಲಿ ಅರ್ಧದಷ್ಟನ್ನು ಹಾಕಿದವನು ಅವನೇ. ಅವಳ ತಾಯಿಯ ಹೂವನ್ನು ನಾಲ್ಕು ವರ್ಷ ನನ್ನ ಕೈಯಾರೆ ತಡೆದು ಹಿಡಿದಿದ್ದೆ, ಅದೂ ಅವಳ ಕಣ್ಣಿಗೆ ಇನ್ನಷ್ಟು ಬಲವಿದ್ದ ನಾಲ್ಕು ವರ್ಷ ಎಂದು ಲೆಕ್ಕ ಹಾಕಿಕೊಂಡ. ಊರಿಗೆ ಉಪಕಾರಿ ಮನೆಗೆ ಮಾರಿ ಎಂದರೆ ಇದೇ ಇರಬೇಕು.

ಮನೆಯಲ್ಲಿ ಸುದ್ದಿ ಹೇಳಿದಾಗ ಹೆಂಡತಿ, ಅಷ್ಟೇ ತಾನೇ, ಗೇಟಿನ ದೀಪ ಆರಿಸಿಬಿಡಿ ಎಂದಳು. ಫ್ಯೂಸಣ್ಣ ಒಪ್ಪಲಿಲ್ಲ. ಹೂ ನೋಡಲು ಹೋಗಿ ಸೊಂಟ ಮುರಿದುಕೊಂಡರೆ ಯಾರು ನೋಡಿಕೊಳ್ಳುವವರು ಎಂದು ರೇಗಿದ. ನೆತ್ತಿಯ ಮೇಲಿನ ಬಲ್ಬನ್ನು ಮಾತ್ರ ಕಿತ್ತುಹಾಕಿ, ಗಿಡಕ್ಕೆ ಕತ್ತಲೆ ಹುಡುಕಲು ಹೊರಟ. ಗೇಟಿನ ಬಳಿ ಬೀದಿ ದೀಪ. ಪಕ್ಕದ ಓಣಿಯಲ್ಲಿ ಕಳ್ಳರ ಭಯಕ್ಕೆ ನೆರೆಮನೆಯವರು ಹಾಕಿಸಿಕೊಂಡ ದೀಪ, ಅದನ್ನು ಹಾಕಿಕೊಟ್ಟವನೂ ಅವನೇ. ಹಿತ್ತಿಲಲ್ಲಿ ಹಿಂದಿನ ಕಟ್ಟಡದ ಮೆಟ್ಟಿಲ ದೀಪ. ತಾರಸಿಯ ಮೇಲೆ ದೂರದ ಜಾಹೀರಾತು ಫಲಕದ ಬೆಳಕು. ಒಂದು ಗಿಡ ನಿಲ್ಲುವಷ್ಟು ಕತ್ತಲೆ ಅವನ ಇಡೀ ನಿವೇಶನದಲ್ಲಿ ಇರಲಿಲ್ಲ. ಬದುಕೆಲ್ಲ ಕತ್ತಲೆಯನ್ನು ಓಡಿಸಿದವನು ಈಗ ಒಂದು ಗಂಟು ಕತ್ತಲೆಗಾಗಿ ಅಂಗಳದಲ್ಲಿ ಸುತ್ತುತ್ತಿದ್ದ.

ಕೊನೆಗೆ ವೈರಿಂಗಿನ ಪೈಪುಗಳನ್ನು ಬಗ್ಗಿಸಿ ಗೂಡು ಮಾಡಿ, ಮೇಲೆ ಎರಡು ಪದರ ಕಪ್ಪು ಟಾರ್ಪಾಲು ಹೊದಿಸಿದ. ಸಂಜೆ ದೀಪ ಹತ್ತುವ ಮೊದಲು ಮುಚ್ಚಬೇಕು, ಬೆಳಿಗ್ಗೆ ಬಿಸಿಲೇರಿದ ಮೇಲೆ ತೆಗೆಯಬೇಕು, ಒಂದು ದಿನವೂ ತಪ್ಪಬಾರದು, ಮೂರ್ನಾಲ್ಕು ವಾರಕ್ಕೆ ಮೊಗ್ಗು ಕಾಣುತ್ತದೆ ಎಂದಿದ್ದ ಯಜಮಾನ. ಫ್ಯೂಸಣ್ಣ ಗಡಿಯಾರದಂತೆ ಮಾಡಿದ. ಪಕ್ಕದ ಮನೆಯಾಕೆ ಗಿಡಕ್ಕೆ ಉಸಿರು ಕಟ್ಟುವುದಿಲ್ಲವೇ ಎಂದು ಕನಿಕರಪಟ್ಟಾಗ, ಅವಳನ್ನೂ ಅದರೊಳಗೆ ಕೂರಿಸಿ ನೋಡುವಷ್ಟು ಸಿಟ್ಟು ಬಂದರೂ ಸುಮ್ಮನಿದ್ದ. ಒಂದು ಸಂಜೆ ಕರೆಂಟ್ ಹೋಗಿ ಬೀದಿಗೆ ಬೀದಿಯೇ ಗೊಣಗುತ್ತಿದ್ದಾಗ, ಆ ಬೀದಿಯಲ್ಲಿ ಖುಷಿಪಟ್ಟ ಒಬ್ಬನೇ ಮನುಷ್ಯ ಮಾಜಿ ಲೈನ್‌ಮನ್ ಆಗಿದ್ದ.

ಮೂರು ವಾರ ಕಳೆಯಿತು, ನಾಲ್ಕಾಯಿತು, ಐದೂ ಆಯಿತು. ಎಲೆ. ಅದರೊಳಗೆ ಎಲೆ. ಫ್ಯೂಸಣ್ಣ ಯಜಮಾನನಿಗೆ ಫೋನ್ ಮಾಡಿ, ನಿಮ್ಮ ವಿದ್ಯೆಯೂ ನರ್ಸರಿಯವನ ಗೊಬ್ಬರದ ಹಾಗೆಯೇ ಎಂದು ಬೈಯಲು ಶುರುಮಾಡಿದ. ಕೇಳಲಿ ಎಂದು ಸ್ಪೀಕರ್ ಬೇರೆ ಹಾಕಿದ್ದ, ಹೆಂಡತಿ ಪಕ್ಕದಲ್ಲೇ ಕುಳಿತಿದ್ದಳು. ಹೊದಿಕೆಯಲ್ಲಿ ತೂತಿದೆಯೇ, ಎಲ್ಲಿಂದಾದರೂ ಬೆಳಕು ಬೀಳುತ್ತದೆಯೇ ಎಂದು ಯಜಮಾನ ವಿಚಾರಿಸಿದ.

‘ಸೂಜಿ ಮೊನೆಯಷ್ಟೂ ಬೀಳಲ್ಲ,’ ಅಂದ ಫ್ಯೂಸಣ್ಣ. ‘ದಿನಾ ಮಲಗೋ ಮುಂಚೆ ನಾನೇ ಹೊದಿಕೆ ಎತ್ತಿ, ಟಾರ್ಚ್ ಹಾಕಿ, ಒಂದೊಂದು ತುದಿನೂ ಬಿಡಿಸಿ ನೋಡ್ತೀನಿ.’

ಫೋನ್ ಕಟ್ ಆಯಿತೇನೋ ಎಂದು ಫ್ಯೂಸಣ್ಣ ಹಲೋ ಹಲೋ ಎಂದ. ಅಷ್ಟರಲ್ಲಿ ಅವನಿಗೇ ಅರ್ಥವಾಯಿತು. ಅದು ಸಣ್ಣ ಟಾರ್ಚಲ್ಲ, ಕಂಬದ ತುದಿಯ ಪಿಂಗಾಣಿ ಇನ್ಸುಲೇಟರ್ ಬಿರುಕು ಬಿಟ್ಟಿದೆಯೇ ಎಂದು ನೆಲದಿಂದಲೇ ನೋಡುವ ಟಾರ್ಚು. ದಿನವೂ ಗಿಡ ತನ್ನ ರಾತ್ರಿಯನ್ನು ಅರ್ಧ ಅಳೆದಿರುವಾಗ ಈತ ಹೋಗಿ ಲೆಕ್ಕ ಕೆಡಿಸಿ ಬರುತ್ತಿದ್ದ. ಆತುರಗಾರನಿಗೆ ಬುದ್ಧಿ ಮಟ್ಟ. ಯಜಮಾನ ಕೊನೆಗೆ ಒಂದೇ ಮಾತು ಹೇಳಿದ, ಮೊದಲಿನಿಂದ ಶುರುಮಾಡಿ ಎಂದು.

ಫ್ಯೂಸಣ್ಣ ಫೋನ್ ಇಟ್ಟು ಹೆಂಡತಿಯತ್ತ ನೋಡಲಾರದೆ ಗೋಡೆ ನೋಡುತ್ತ ಕುಳಿತ. ಬೆಳಕು ಹಾಕಿಯೂ ಕೆಡಿಸಿದೆ, ಬೆಳಕು ತೆಗೆದೂ ಕೆಡಿಸಿದೆ ಎಂದು ತನ್ನನ್ನೇ ಬೈದುಕೊಂಡ. ಗಿಡವನ್ನು ಬುಡಸಹಿತ ಕಿತ್ತು ಬೀದಿಗೆಸೆಯುತ್ತೇನೆ ಎಂದು ಎದ್ದೇಬಿಟ್ಟ.

‘ಕೂತ್ಕೊಳ್ಳಿ,’ ಅಂದಳು ಹೆಂಡತಿ. ‘ಕತ್ತಲೆ ಕಾಯೋದು ನಿಮ್ಮಿಂದ ಆಗಲ್ಲ. ನಂಗೆ ಅಭ್ಯಾಸ ಆಗ್ತಿದೆ. ಇನ್ನು ಗಿಡ ನಾನು ನೋಡ್ಕೋತೀನಿ. ಆ ಟಾರ್ಚ್ ಇಲ್ಲಿ ಕೊಡಿ.’

ಟಾರ್ಚು ಹೋಗಿ ಅವಳ ದಾರದ ಡಬ್ಬಿಯಲ್ಲಿ ಸೇರಿತು. ಹೊಲಿಗೆ ಬಿಟ್ಟ ಮೇಲೆ ಆ ಡಬ್ಬಿಯನ್ನು ತೆಗೆದದ್ದು ಅದೇ ಮೊದಲು. ಫ್ಯೂಸಣ್ಣ ಮಾಡಬಹುದಾದ ಕೆಲಸ ಒಂದೇ ಉಳಿದಿತ್ತು. ಮನೆ ಬಾಗಿಲಿನಿಂದ ಗೇಟಿನವರೆಗೆ ಗೋಡೆಯುದ್ದಕ್ಕೂ ಪೈಪು ಬಿಗಿದು ಹಿಡಿಕೆ ಮಾಡಿಕೊಟ್ಟ. ಅವಳು ಸಂಜೆಯ ಬೆಳಕಿರುವಾಗಲೇ ಹಿಡಿಕೆ ಹಿಡಿದು ಹೋಗಿ ಟಾರ್ಪಾಲು ಇಳಿಬಿಟ್ಟು, ಅಂಚುಗಳನ್ನು ಲಂಗದ ಅಂಚು ಮಡಿಸುವಷ್ಟು ನೀಟಾಗಿ ಮಡಿಸಿ ಇಟ್ಟಿಗೆ ಹೇರಿ ಬರುತ್ತಿದ್ದಳು. ಬೆಳಿಗ್ಗೆ ತೆಗೆಯುವಾಗ ತುದಿಗಳನ್ನು ಬೆರಳಲ್ಲಿ ಮುಟ್ಟಿ ನೋಡುತ್ತಿದ್ದಳು. ಏನಾಯಿತು ಎಂದು ಫ್ಯೂಸಣ್ಣ ಕೇಳಬಾರದು, ಹತ್ತಿರ ಬರಬಾರದು ಎಂಬುದು ಕಟ್ಟಪ್ಪಣೆ. ರಾತ್ರಿ ಮಲಗುವ ಹೊತ್ತಿಗೆ ಅವನ ಕೈ ಟಾರ್ಚಿಗಾಗಿ ಗೋಡೆಯ ಮೊಳೆಯನ್ನು ತಡಕಾಡುತ್ತಿತ್ತು. ಮೈಮೇಲೆ ಇರುವೆ ಬಿಟ್ಟುಕೊಂಡವನಂತೆ ಹಾಸಿಗೆಯಲ್ಲಿ ಹೊರಳಾಡುತ್ತಿದ್ದ. ಕಾಣದೆ ನಂಬುವುದು ಎಷ್ಟು ಕಷ್ಟ ಎಂದು ಅವನಿಗೆ ಆ ವಾರಗಳಲ್ಲಿ ತಿಳಿಯಿತು. ಹೆಂಡತಿ ಮಾತ್ರ ತಣ್ಣಗೆ ನಿದ್ದೆ ಮಾಡುತ್ತಿದ್ದಳು, ಅದನ್ನು ಕಂಡೂ ಅವನಿಗೆ ಸಿಟ್ಟು.

ಒಂದು ಬೆಳಿಗ್ಗೆ ಅವಳು ಗಿಡದ ಬಳಿಯಿಂದ ಬಂದು, ತುದಿಯಲ್ಲಿ ಹೆಸರುಕಾಳಿನಷ್ಟು ಗಟ್ಟಿಯಾದದ್ದೊಂದು ಕೈಗೆ ಸಿಕ್ಕಿತು, ಅದು ಎಲೆಯಲ್ಲ ಎಂದು ಹೇಳಿ ಒಳಗೆ ಹೋದಳು. ಫ್ಯೂಸಣ್ಣ ಓಡಿಹೋಗಿ ನೋಡಬೇಕೆಂದುಕೊಂಡವನು ಬಾಗಿಲಲ್ಲೇ ನಿಂತ. ಆ ಹೆಸರುಕಾಳು ಕಡಲೆಯಾಗಲು, ಕಡಲೆಯ ತುದಿ ಬಿರಿಯಲು ಮತ್ತೆ ಎಷ್ಟೋ ವಾರ ಹಿಡಿಯಿತು. ಆ ನಡುವೆ ಇನ್ನೊಮ್ಮೆ ಆಸ್ಪತ್ರೆಗೆ ಹೋಗಿಬಂದರು. ಬಲಗಣ್ಣು ಹಿಂದಿನ ಸಲದಷ್ಟೇ ಇದೆ ಎಂದರು ಡಾಕ್ಟರು, ಮುಂದಿನ ಸಲದ ಮಾತು ಆಡಲಿಲ್ಲ.

ಹೂ ಅರಳಿದ್ದು ಒಂದು ಒಳ್ಳೆಯ ಬಿಸಿಲಿನ ಬೆಳಿಗ್ಗೆ. ಹೆಂಡತಿ ಅದನ್ನು ಕೊಯ್ಯಲಿಲ್ಲ. ಮುಂಗೋಣೆಯಿಂದ ಮರದ ಸ್ಟೂಲ್ ತರಿಸಿ ಕುಂಡದ ಪಕ್ಕ ಹಾಕಿಸಿ ಕುಳಿತಳು. ಮುಖವನ್ನು ಹತ್ತಿರ ತಂದು, ಕತ್ತನ್ನು ಸ್ವಲ್ಪ ಸ್ವಲ್ಪವೇ ತಿರುಗಿಸಿ, ಹೂವನ್ನು ತನ್ನ ಕಿಂಡಿಯೊಳಗೆ ಸರಿಯಾಗಿ ಕೂರಿಸಿಕೊಂಡಳು. ಫ್ಯೂಸಣ್ಣ ಹಾಲಿನ ಚೀಲ ಹಿಡಿದು ಗೇಟಿನ ಬಳಿ ನಿಂತಿದ್ದ. ಅವಳಿಗೆ ಕಂಡಿತೋ ಇಲ್ಲವೋ ಎಂದು ಕೇಳಲು ಧೈರ್ಯವಾಗಲಿಲ್ಲ. ಅವಳೇ ಕೇಳಿದಳು.

‘ಮೇಲೆ ಹಳದಿ, ಎಸಳಿನ ಹಿಂಬದಿ ಕೆಂಪು. ಅಲ್ವಾ?’

ನಾಲಿಗೆಯ ತುದಿಗೆ ‘ಹೂಂ’ ಬಂದೇಬಿಟ್ಟಿತ್ತು. ಇಷ್ಟು ವರ್ಷ ಅಂದದ್ದು ಅದನ್ನೇ. ಅವಳ ಮನಸ್ಸಿಗೆ ಹಿತವಾಗುವುದೂ ಅದೇ ಇರಬಹುದು. ಆದರೆ ತಂತಿಯ ಬಣ್ಣವನ್ನು ನೋಡದೆ ಹೇಳಿದವನ ಗತಿ ಏನೆಂದು ಬಲ್ಲವನು ಅವನು. ಚೀಲವನ್ನು ಕೆಳಗಿಟ್ಟು, ಮೊಣಕಾಲೂರಿ ಹೂವಿನ ಮುಂದೆ ಕುಳಿತ. ಬೆರಳಿನಿಂದ ಒಂದು ಎಸಳನ್ನು ಮೆಲ್ಲಗೆ ಮಗುಚಿದ.

‘ಅಲ್ಲ,’ ಅಂದ. ‘ನೀನು ಹೇಳಿದ್ದು ತಿರುಗುಮುರುಗು. ಮೇಲೆ ತಾಮ್ರ. ಹೊಸ ತಂತಿಯ ತಾಮ್ರ ಅಲ್ಲ, ಒಂದು ಬೇಸಿಗೆ ಬಿಸಿಲು ತಿಂದಿದ್ದು. ಹಿಂದೆ ಹಳದಿ. ನಡುವೆ ಇನ್ನೂ ಬಿಚ್ಚದ ಎಸಳು ಇವೆ, ಅವು ಹಳದಿನೂ ಅಲ್ಲ ಹಸಿರೂ ಅಲ್ಲ.’

‘ಗೊತ್ತು,’ ಅಂದಳು ಹೆಂಡತಿ. ‘ಅಮ್ಮಂದು ಹಾಗೇ ಇತ್ತು. ನಂಗೆ ಕಾಣಿಸ್ತಿದೆ.’

‘ಮತ್ತೆ ಯಾಕೆ ಉಲ್ಟಾ ಹೇಳ್ದೆ?’

‘ನಾಳೆ ಕಾಣದೆ ಹೋದಾಗ ಕೇಳೋದು ನಿಮ್ಮನ್ನೇ ಅಲ್ವಾ. ನೋಡಿ ಹೇಳ್ತೀರೋ, ಹೂಂ ಅಂತೀರೋ ಅಂತ ತಿಳ್ಕೋಬೇಕಿತ್ತು.’

ಫ್ಯೂಸಣ್ಣನಿಗೆ ಅಳು ಬಂತು, ಅದರ ಹಿಂದೆಯೇ ಸಿಟ್ಟೂ ಬಂತು. ಈ ವಯಸ್ಸಿನಲ್ಲಿ ಹೆಂಡತಿಯ ಮುಂದೆ ಪರೀಕ್ಷೆ ಬರೆಯುವ ಕರ್ಮ ಯಾರಿಗೂ ಬೇಡ ಎಂದು ಗೊಣಗಿಕೊಂಡು ಹಾಲಿನ ಚೀಲ ಎತ್ತಿಕೊಂಡ. ಅವಳು ಅವನನ್ನು ತಡೆದು, ಒಳಗಿನಿಂದ ದಾರದ ಡಬ್ಬಿ ತರಲು ಹೇಳಿದಳು. ತಂದುಕೊಟ್ಟ. ಟಾರ್ಚನ್ನು ಪಕ್ಕಕ್ಕೆ ಸರಿಸಿ, ಕೈಗೆ ಸಿಕ್ಕಿದ ಒಂದು ಉಂಡೆಯನ್ನು ಬಿಸಿಲಿಗೆ ಹಿಡಿದು ಇದು ಯಾವುದು ಎಂದು ಕೇಳಿದಳು.

‘ಕೆಂಪು,’ ಅಂದ ಫ್ಯೂಸಣ್ಣ.

‘ಯಾವ ಕೆಂಪು?’

ಅವನು ಚೀಲವನ್ನು ಮತ್ತೆ ಕೆಳಗಿಟ್ಟು ನೋಡತೊಡಗಿದ.